ತೂಕಕ್ಕೆ ಕೂತವರು

ಪಾರ್ಕಿನಲ್ಲಿ ನನಗೆ ಹೆಸರಿರಲಿಲ್ಲ. ಅರವತ್ತೆಂಟು ಎಂದು ಕರೆಯುತ್ತಿದ್ದರು. ನನ್ನ ತಂಗಿ ನವನೀದಂ ನಲವತ್ತಾರು. ಕುಪ್ಪಕ್ಕ ಎಂಬತ್ತೊಂದು. ನಾವು ಒಟ್ಟು ಇಪ್ಪತ್ತೆರಡು ಹೆಂಗಸರು. ಎಲ್ಲರೂ ಪಣಂಗಾಡು ಕಾಲನಿಯವರು, ಎಲ್ಲರೂ ಕಸ ಗುಡಿಸುವವರು. ಹಾಜರಿ ಪುಸ್ತಕದಲ್ಲಿ ನಮ್ಮ ಹೆಸರಿನ ಮುಂದೆ ಕೆಂಪು ಮಸಿಯಲ್ಲಿ ನಮ್ಮ ತೂಕ ಬರೆದಿತ್ತು. ತಿಂಗಳಿಗೊಮ್ಮೆ ಪಾರ್ಕಿನ ಹೋಟೆಲಿನ ಹಿಂಬದಿಗೆ ಕರೆದುಕೊಂಡು ಹೋಗಿ, ಅಕ್ಕಿ ಮೂಟೆ ತೂಗುವ ತಕ್ಕಡಿಯ ಮೇಲೆ ನಿಲ್ಲಿಸಿ ತೂಗುತ್ತಿದ್ದರು. ದಿನಾ ಬೆಳಗ್ಗೆ ಗೇಟು ತೆಗೆಯುವ ಮುಂಚೆ, ಹಡಗಿನಾಕಾರದ ದೊಡ್ಡ ಉಯ್ಯಾಲೆ ಕೊಲಂಬಸ್ಸನ್ನು ಓಡಿಸಿ ನೋಡುವಾಗ ಅದರಲ್ಲಿ ತೂಕಕ್ಕೆ ಕೂರುತ್ತಿದ್ದವರು ನಾವು.

ನನ್ನ ಹೆಸರು ಪೂಂಗಾವನಂ. ಮೊದಲೇ ಹೇಳಿಬಿಡುತ್ತೇನೆ.

ಕೊಲಂಬಸ್ಸನ್ನು ಮರಳಿನ ಮೂಟೆ ಇಟ್ಟು ಓಡಿಸಿ ನೋಡಬೇಕು. ಮಿಷಿನ್ನಿನ ಜೊತೆ ಬಂದ ಪುಸ್ತಕದಲ್ಲಿ ಹಾಗೆ ಬರೆದಿದೆಯಂತೆ. ಮೊದಲ ವರ್ಷ ಹಾಗೇ ಮಾಡಿದರು. ಆ ಮೂಟೆ ಹೊತ್ತವರೂ ನಾವೇ. ಒಂದು ದಿನ ಮೂಟೆ ಹರಿದು ಸೀಟಿನ ಮೇಲೆ ಮರಳು ಸುರಿಯಿತು. ಚೆನ್ನೈನಿಂದ ಬಂದಿದ್ದ ಯಾರದೋ ಬಿಳಿ ಪ್ಯಾಂಟು ಕೊಳೆಯಾಯಿತು. ಅವರು ಬೈದು ಹೋದರು. ಆಗ ಮೇನೇಜರ್ ಸೌಂದರ್‌ಗೆ ಜ್ಞಾನೋದಯವಾಯಿತು. ಮೂಟೆಯಾದರೆ ಹೊತ್ತು ಹತ್ತಿಸಬೇಕು, ಹೊತ್ತು ಇಳಿಸಬೇಕು. ಹೆಂಗಸರಾದರೆ ತಾವೇ ಹತ್ತುತ್ತಾರೆ, ತಾವೇ ಇಳಿಯುತ್ತಾರೆ. ಇಳಿದ ಮೇಲೆ ತಾವು ಕೂತಿದ್ದ ಸೀಟನ್ನು ತಾವೇ ಫಿನಾಯಿಲ್ ಹಾಕಿ ಒರೆಸುತ್ತಾರೆ. ಅದೂ ನಿಯಮವೇ. ಗಿರಾಕಿಗಳು ಬರುವ ಮುಂಚೆ ನಮ್ಮ ಮೈ ತಾಗಿದ ಜಾಗವನ್ನೆಲ್ಲ ಫಿನಾಯಿಲ್ ಹಾಕಿ ಒರೆಸಬೇಕು. ಮೂಟೆಯ ಕಾಲದಲ್ಲಿ ಬರಿ ಬಟ್ಟೆಯಲ್ಲಿ ಒರೆಸಿದರೆ ಸಾಕಿತ್ತು.

ದಪ್ಪಗಿದ್ದವರನ್ನು ಎರಡು ತುದಿಗೆ ಕೂರಿಸುತ್ತಿದ್ದರು, ಸಣ್ಣಗಿದ್ದವರನ್ನು ಮಧ್ಯಕ್ಕೆ. ಖಾಲಿ ಹೊಟ್ಟೆಯಲ್ಲಿ ಬರಬೇಕು. ತಂಗಳನ್ನ ಉಂಡು ಬಂದು ಕಕ್ಕಿದರೆ ಅರ್ಧ ದಿನದ ಹಾಜರಿ ಇಲ್ಲ. ಮುಟ್ಟಾದವರೂ ಕೂರಬೇಕು. ಬಸುರಿಯೊಬ್ಬಳು ಆರು ತಿಂಗಳವರೆಗೆ ಕೂತಳು. ತೂಕ ಸರಿಯಾಗಿ ಬರುತ್ತಿದೆ ಎಂದು ಮೇನೇಜರ್ ತಮಾಷೆ ಮಾಡಿದ. ನಾವೂ ನಕ್ಕೆವು. ನಗಬಾರದಾಗಿತ್ತು.

ನವನೀದಂಗೆ ಮಾತ್ರ ಅದರಲ್ಲಿ ಕೂರುವುದೆಂದರೆ ಖುಷಿ. ಇದನ್ನು ಮುಚ್ಚಿಡುವುದಿಲ್ಲ. ಎರಡು ಮಕ್ಕಳ ತಾಯಿ, ಮೂವತ್ತು ತುಂಬಿತ್ತು, ಆದರೂ ಮೂರನೇ ಸಾಲಿನ ಅಂಚಿನ ಸೀಟೇ ಬೇಕು ಎಂದು ಹಟ ಮಾಡುತ್ತಿದ್ದಳು. ಕೊಲಂಬಸ್ಸಿನಲ್ಲಿ ಅರ್ಧ ಜನ ಈ ಕಡೆ, ಅರ್ಧ ಜನ ಆ ಕಡೆ, ಎದುರುಬದುರು ಕೂರುವುದು. ನಾನು ಆಚೆ ತುದಿಯಲ್ಲಿ, ಅವಳು ಈಚೆ. ಅವಳ ಕಡೆ ಮೇಲೇರಿದಾಗ ಸರ್ವೆ ಮರಗಳ ಆಚೆ ಸಮುದ್ರ ಕಾಣುತ್ತಿತ್ತು. ನಮ್ಮ ಕಾಲನಿಯ ಶೀಟು ಮನೆಗಳೂ ಕಾಣುತ್ತಿದ್ದವು. ಮೇಲಿಂದ ಕೂಗಿ ಹೇಳುತ್ತಿದ್ದಳು, ಯಾರ ಮನೆಯ ಮೇಲೆ ಸೀರೆ ಒಣಹಾಕಿದೆ, ಯಾರ ಮೇಕೆ ಮಾಡು ಹತ್ತಿದೆ ಎಂದು. ನಕ್ಕರೆ ಅವಳ ಕಾಲು ಸುಮ್ಮನಿರುತ್ತಿರಲಿಲ್ಲ. ಚಿಕ್ಕಂದಿನಿಂದ ಹಾಗೇ. ನಗು ಬಂದರೆ ನೆಲಕ್ಕೆ ಕಾಲು ಬಡಿಯುವುದು, ಪಕ್ಕದವರನ್ನು ಒದೆಯುವುದು. ಒಂದೇ ಚಾಪೆಯಲ್ಲಿ ಮಲಗಿ ಬೆಳೆದವಳು ನಾನು, ಅವಳ ಒದೆ ಎಷ್ಟು ತಿಂದಿದ್ದೇನೋ ಲೆಕ್ಕವಿಲ್ಲ. ಗಿರಾಕಿಗಳ ಹಾಗೆ ಟಿಕೀಟು ತೆಗೆದುಕೊಂಡು ಅದರಲ್ಲಿ ಕೂರುವ ಯೋಗ್ಯತೆ ನಮಗಿರಲಿಲ್ಲ. ನಮ್ಮ ಮಕ್ಕಳು ಬೇಲಿಯ ಆಚೆಯಿಂದ ನೋಡುತ್ತಿದ್ದವು.

ಆಯುಧಪೂಜೆಯ ದಿನ ಪಾರ್ಕಿನ ಒಡೆಯನ ತಾಯಿ ಬರುತ್ತಾಳೆ. ಒಡೆಯನನ್ನು ನಾವು ಮೊದಲಾಳಿ ಎನ್ನುತ್ತೇವೆ, ಅವಳನ್ನು ದೊಡ್ಡಮ್ಮ. ಹಿಂದಿನ ದಿನವೆಲ್ಲ ನಾವು ಮಿಷಿನ್ನುಗಳನ್ನು ತೊಳೆಯಬೇಕು. ಗ್ರೀಸು ಕೆರೆಯಬೇಕು, ಸೋಪಿನ ನೀರು ಹಾಕಿ ತಿಕ್ಕಬೇಕು. ಉಗುರಿನ ಸಂದಿಯ ಕಪ್ಪು ದೀಪಾವಳಿಯವರೆಗೂ ಹೋಗುತ್ತಿರಲಿಲ್ಲ. ಪೂಜೆಯ ದಿನ ಬೆಳಗ್ಗೆ ಬಂದರೆ ಅದೇ ಮಿಷಿನ್ನುಗಳ ಸುತ್ತ ಹಳದಿ ಹಗ್ಗ ಕಟ್ಟಿರುತ್ತಿತ್ತು. ನಾವು ಹಗ್ಗದ ಆಚೆ ನಿಲ್ಲಬೇಕು. ದೊಡ್ಡಮ್ಮ ಮಡಿಯಲ್ಲಿರುತ್ತಾಳೆ. ನಾವು ದಿನಾ ಕೂತು ಎದ್ದು ಒರೆಸಿದ ಮಿಷಿನ್ನನ್ನು ಅವತ್ತು ಮುಟ್ಟುವ ಹಾಗಿಲ್ಲ. ಪೂಜೆ ಮುಗಿದ ಮೇಲೆ ಪುರಿ, ಕಡಲೆ, ಬೆಲ್ಲವನ್ನು ಪೊಟ್ಟಣ ಕಟ್ಟಿ ಹಗ್ಗದ ಮೇಲಿಂದ ನಮ್ಮ ಸೆರಗಿಗೆ ಹಾಕುತ್ತಿದ್ದರು. ಕೈಗೆ ಕೈ ತಾಗದ ಹಾಗೆ.

ಈ ಸಲವೂ ಹಾಗೇ ಆಯಿತು. ದೊಡ್ಡಮ್ಮ ಬೆಳ್ಳಿ ಬಟ್ಟಲಲ್ಲಿ ಗಂಧ ಕಲಸಿಕೊಂಡು ಬಂದಳು. ಕೊಲಂಬಸ್ಸಿನ ಪ್ರತಿ ಸಾಲಿನ ತುದಿಯಲ್ಲಿ ಗುಂಡಗೆ, ಕೆಂಪಗೆ ಹೊಳೆಯುವ ಒಂದು ಗಾಜಿನ ಕಣ್ಣಿದೆ. ತೊಡೆಯ ಮೇಲೆ ಇಳಿಯುವ ಕಂಬಿ ಸರಿಯಾಗಿ ಕಚ್ಚಿಕೊಂಡಿದೆಯೇ ಎಂದು ನೋಡುವುದು ಅದರ ಕೆಲಸ. ಕಚ್ಚಿಕೊಂಡಿಲ್ಲದಿದ್ದರೆ ಮೋಟರು ಓಡುವುದೇ ಇಲ್ಲ. ದೊಡ್ಡಮ್ಮನಿಗೆ ಅದೆಲ್ಲ ಏನು ಗೊತ್ತು. ಕಬ್ಬಿಣದ ಮೈಯಲ್ಲಿ ಬೊಟ್ಟಿಡಲು ಅದೇ ಚೆಂದದ ಜಾಗ ಎನಿಸಿತು. ಒಂದೊಂದು ಕಣ್ಣಿನ ಮೇಲೂ ಹೆಬ್ಬೆರಳಿನಷ್ಟು ದಪ್ಪ ಗಂಧ ಮೆತ್ತಿ, ಅದರ ಮೇಲೆ ಕುಂಕುಮ ಒತ್ತಿದಳು. ಫೋಟೋದವನು ಪಟಪಟನೆ ತೆಗೆದ. ಮೂರನೇ ಸಾಲಿಗೆ ಬಂದಾಗ ಅವನು ದೊಡ್ಡಮ್ಮನನ್ನು ನಿಲ್ಲಿಸಿ ಇನ್ನೊಮ್ಮೆ ಬೆರಳಿಡಿಸಿ ತೆಗೆದ.

ಹಗ್ಗದ ಆಚೆ ನವನೀದಂ ನನ್ನ ಪಕ್ಕ ನಿಂತಿದ್ದಳು. ಅದು ತನ್ನ ಸೀಟು, ಒಂದು ಬೊಟ್ಟು ತಾನೇ ಇಡುವಂತಿದ್ದರೆ ಎಷ್ಟು ಚೆನ್ನಾಗಿತ್ತು ಎಂದು ಕಿವಿಯಲ್ಲಿ ಹೇಳಿದಳು. ನಾನು ಸುಮ್ಮನಿರು ಎಂದೆ.

ಪೂಜೆಯಾದ ಮೇಲೆ ನಿಂಬೆಹಣ್ಣು ಹಿಸುಕಿ, ಬೂದುಗುಂಬಳ ಒಡೆದು, ಗುಂಡಿ ಒತ್ತಿದರೆ ಕೊಲಂಬಸ್ ಮಿಸುಕಲಿಲ್ಲ. ಕಣ್ಣಿಗೆ ಗಂಧ ಮೆತ್ತಿದರೆ ಅದು ಏನನ್ನು ನೋಡೀತು. ಮಿಷಿನ್ ಓಡಿಸುವ ಧನಶೇಖರ್ ಒದ್ದೆ ಬಟ್ಟೆ ಹಿಡಿದು ಓಡಿದ. ದೊಡ್ಡಮ್ಮ ಅವನನ್ನು ತಡೆದಳು.

"ಸಾಮಿಗಿಟ್ಟ ಗಂಧ ಒರೆಸ್ತಾರೇನೋ? ಅಪಶಕುನದವನೇ. ತಾನಾಗೇ ಒಣಗಿ ಉದುರ್ಲಿ ಬಿಡು."

ದೊಡ್ಡಮ್ಮ ಹೇಳಿದ ಮೇಲೆ ಮುಗಿಯಿತು. ಹೊರಗೆ ಪೂಜೆ ರಜೆಯ ಜನ ಮುಗಿಬಿದ್ದಿದ್ದರು. ಮೇನೇಜರ್ ಧನಶೇಖರನನ್ನು ಬದಿಗೆ ಕರೆದು ಏನೋ ಹೇಳಿದ. ಧನಶೇಖರ್ ಮೋಟರಿನ ಡಬ್ಬಿ ತೆಗೆದು ಒಂದು ಗೇಣು ವೈರು ಸಿಕ್ಕಿಸಿದ. ಆಮೇಲೆ ಕಣ್ಣು ನೋಡಲಿ ಬಿಡಲಿ, ಮೋಟರು ಓಡಿತು. ಹಾರ ಹಾಕಿಕೊಂಡು, ಬಾಳೆಕಂದು ಕಟ್ಟಿಕೊಂಡು ಕೊಲಂಬಸ್ ಮೇಲೆ ಕೆಳಗೆ ತೂಗಿತು. ಜನ ಕೇಕೆ ಹಾಕಿದರು.

ಮಾರನೆಯ ದಿನ ಬೆಳಗ್ಗೆ ಧನಶೇಖರ್ ನಮಗೆ ವಿಷಯ ತಿಳಿಸಿದ. ಅವನು ಕೆಟ್ಟವನಲ್ಲ. ಹೆದರುಪುಕ್ಕಲ.

"ಕಣ್ಣು ಕುರುಡಾಗಿದೆ ಅಕ್ಕಾ. ಕಂಬೀನ ಕೈಯಲ್ಲಿ ಎಳೆದು ನೋಡಿ, ಗಟ್ಟಿಯಾಗಿ ಹಿಡ್ಕೊಂಡು ಕೂತ್ಕೊಳ್ಳಿ. ಎರಡು ದಿನ ಅಷ್ಟೆ."

ಎರಡು ದಿನ ಒಂಬತ್ತು ದಿನವಾಯಿತು. ಗಂಧ ಒಣಗಿ ಬಿರುಕುಬಿಟ್ಟು ಅರ್ಧ ಉದುರಿತು, ಅರ್ಧ ಗಾಜಿನ ಸಂದಿಯಲ್ಲಿ ಕಲ್ಲಾಯಿತು. ವೈರು ತೆಗೆಯುವ ನೆನಪು ಯಾರಿಗೂ ಬರಲಿಲ್ಲ. ವೈರಿದ್ದರೆ ಕೆಲಸ ಸಲೀಸು, ಕಂಬಿ ಸರಿಯಾಗಿ ಕೂತಿಲ್ಲವೆಂದು ಮೋಟರು ನಡುವೆ ನಿಲ್ಲುವುದಿಲ್ಲ, ಜನರನ್ನು ಬೇಗ ಬೇಗ ತುಂಬಬಹುದು. ನಮಗೆ ಗೊತ್ತಿತ್ತು. ಗೊತ್ತಿದ್ದೂ ದಿನಾ ಹತ್ತಿ ಕೂತೆವು. ಇದನ್ನು ನೆನೆದರೆ ನನಗೆ ಅವರಿಗಿಂತ ನನ್ನ ಮೇಲೇ ಸಿಟ್ಟು ಬರುತ್ತದೆ.

ಹತ್ತನೆಯ ದಿನ ಬೆಳಗ್ಗೆ ಎಂಟೂವರೆ. ನಾನು ಆ ಕಡೆ, ಅವಳು ಈ ಕಡೆ. ನಾಲ್ಕನೇ ತೂಗಾಟಕ್ಕೆ ಅವಳ ಕಡೆ ಪೂರ್ತಿ ಮೇಲೇರಿತು. ಅವಳು ನಗುತ್ತಿದ್ದಳು, ಕಾಲು ಬಡಿಯುತ್ತಿದ್ದಳು. "ಅಕ್ಕಾ, ನಿನ್ನ ಕೋಳಿ" ಎಂದು ಏನೋ ಹೇಳಲು ಶುರು ಮಾಡಿದಳು. ಟಕ್ ಎಂದು ಒಂದು ಸದ್ದಾಯಿತು. ಮೂರನೇ ಸಾಲಿನ ಕಂಬಿ ಎದ್ದುಕೊಂಡಿತು. ಪಕ್ಕದವಳು ಕಂಬಿಯನ್ನೇ ಅಪ್ಪಿಕೊಂಡು ಉಳಿದಳು. ನವನೀದಂ ನಗುತ್ತಿದ್ದುದರಿಂದ ಕೈ ಬಿಟ್ಟಿದ್ದಳು. ಸೀಟಿನಿಂದ ಎದ್ದು, ಗಾಳಿಯಲ್ಲಿ ಒಂದು ಸುತ್ತು ಹೊರಳಿ, ಜನ ಸಾಲು ನಿಲ್ಲಲು ಹಾಕಿದ್ದ ಕಬ್ಬಿಣದ ಬೇಲಿಯ ಮೇಲೆ ಬೆನ್ನು ಕೊಟ್ಟು ಬಿದ್ದಳು.

ಕೊಲಂಬಸ್ ಗುಂಡಿ ಒತ್ತಿದ ಕೂಡಲೆ ನಿಲ್ಲುವುದಿಲ್ಲ. ತೂಗಿ ತೂಗಿ ನಿಲ್ಲಬೇಕು. ಐದು ಸಲ ಅವಳ ಮೇಲಿಂದ ನಾನು ಹೋದೆ, ಐದು ಸಲ ಬಂದೆ. ಪ್ರತಿ ಸಲವೂ ಕಂಡಳು. ಕಣ್ಣು ಬಿಟ್ಟುಕೊಂಡೇ ಇದ್ದಳು. ಕಂಬಿಯನ್ನು ಕಚ್ಚಿದೆ, ಪರಚಿದೆ. ನನ್ನ ಕಂಬಿ ಗಟ್ಟಿಯಾಗಿ ಕಚ್ಚಿಕೊಂಡಿತ್ತು.

ಇಳಿದು ಓಡಿದಾಗ ಅವಳು "ಅಕ್ಕಾ, ಕಾಲು ಎಲ್ಲಿ" ಎಂದು ಕೇಳಿದಳು. ಕಾಲು ಇತ್ತು. ತಿರುಚಿಕೊಂಡು ಅವಳದೇ ಬೆನ್ನಿನ ಕೆಳಗಿತ್ತು. ತಲೆಯ ಹಿಂಬದಿ ಒಡೆದು ರಕ್ತ ಸುರಿಯುತ್ತಿತ್ತು. ಪಾರ್ಕಿನ ವ್ಯಾನು ಬಂತು. ಸೀಟು ಕೊಳೆಯಾಗುತ್ತದೆಂದು ಮೊದಲು ಒಂದು ಹಳೆಯ ಫ್ಲೆಕ್ಸ್ ಬ್ಯಾನರು ಹಾಸಿದರು, ನಗುವ ಬಫೂನನ ಮುಖವಿದ್ದದ್ದು. ಅದರ ಮೇಲೆ ಅವಳನ್ನು ಎಳೆದು ಹಾಕಿದರು. ಬೆನ್ನು ಮುರಿದವರನ್ನು ಹಾಗೆ ಎಳೆಯಬಾರದಂತೆ, ಆಮೇಲೆ ಡಾಕ್ಟರು ಹೇಳಿದರು. ನಾನು ವ್ಯಾನು ಹತ್ತಲು ಹೋದೆ. ಮೇನೇಜರ್ ಬಾಗಿಲಿಗೆ ಕೈ ಅಡ್ಡ ಹಾಕಿದ.

"ಕುಪ್ಪು ಹೋಗ್ಲಿ. ನೀನೆಲ್ಲಿಗೆ? ಇದು ನಿನ್ನ ಜಾಗ ಅಲ್ವಾ? ಹತ್ತು ಗಂಟೆಗೆ ಗೇಟು. ನಾಲ್ಕು ಇಸ್ಕೂಲ್ ಬಸ್ಸು ಆಗಲೇ ಹೊರಗೆ ನಿಂತಿದೆ. ಮಕ್ಕಳು ಇದನ್ನ ನೋಡ್ಬೇಕಾ?"

ಕೊಲಂಬಸ್ಸಿನ ಸುತ್ತಮುತ್ತ ಗುಡಿಸುವುದು ನನಗೆ ಹಂಚಿದ್ದ ಜಾಗ. ಅದು ನಿಜ. ನನ್ನ ಕಾಲು ವ್ಯಾನಿನ ಮೆಟ್ಟಿಲ ಮೇಲಿತ್ತು. ಅದನ್ನು ಕೆಳಗಿಳಿಸಿದೆ. ಯಾಕೆ ಇಳಿಸಿದೆ ಎಂದು ಇವತ್ತಿಗೂ ಗೊತ್ತಿಲ್ಲ. ಹನ್ನೊಂದು ವರ್ಷ ಹೇಳಿದ್ದನ್ನೆಲ್ಲ ಮಾಡಿದ ಕಾಲು, ಅದಕ್ಕೆ ಬೇರೆ ಗೊತ್ತಿರಲಿಲ್ಲ.

ತೊಳೆದೆ. ಮೂರು ಬಕೆಟ್ ನೀರು ಹಾಕಿದೆ. ರಕ್ತ ತಣ್ಣೀರಿಗೆ ಬೇಗ ಹೋಗುತ್ತದೆ, ಬಿಸಿನೀರಿಗೆ ಹೋಗುವುದಿಲ್ಲ. ನಮ್ಮಂಥವರಿಗೆ ಇದು ಗೊತ್ತಿರುತ್ತದೆ. ಇಟ್ಟಿಗೆಯ ಸಂದಿಗಳಲ್ಲಿ ಇಳಿದದ್ದು ಹೋಗಲಿಲ್ಲ, ಬ್ರಷ್ಷಿನಲ್ಲಿ ತಿಕ್ಕಿದೆ. ಬೇಲಿಯ ಕಂಬಿಗೆ ಅವಳ ಕೂದಲು ಅಂಟಿಕೊಂಡಿತ್ತು, ಬಿಡಿಸಿದೆ. ಚರಂಡಿಯ ಜಾಲರಿಯಲ್ಲಿ ಅವಳ ಒಂದು ಕಾಲುಂಗುರ ಸಿಕ್ಕಿತು. ತೊಳೆದು ಸೆರಗಿನ ತುದಿಗೆ ಗಂಟು ಹಾಕಿಕೊಂಡೆ. ಕೊನೆಗೆ ಫಿನಾಯಿಲ್ ಹಾಕಿದೆ. ಹತ್ತು ಗಂಟೆಗೆ ಸರಿಯಾಗಿ ಮಕ್ಕಳು ಓಡಿಬಂದವು. ಕೊಲಂಬಸ್ ಅವತ್ತು ಓಡಲಿಲ್ಲ, ರಿಪೇರಿ ಎಂದು ಬೋರ್ಡು ಹಾಕಿದ್ದರು. ಒಂದು ಹುಡುಗಿ ಒದ್ದೆ ಇಟ್ಟಿಗೆಯ ಮೇಲೆ ಜಾರಿದಳು. ಟೀಚರು ನನ್ನನ್ನು ಬೈದಳು.

ಆ ಮಧ್ಯಾಹ್ನವೇ ವೈರು ಮಾಯವಾಯಿತು.

ಸಂಜೆ ಆಸ್ಪತ್ರೆಗೆ ಹೋದೆ. ಹೆದ್ದಾರಿಯ ಮೇಲಿನ ದೊಡ್ಡ ಖಾಸಗಿ ಆಸ್ಪತ್ರೆ, ಪಾರ್ಕಿನವರೇ ಸೇರಿಸಿದ್ದರು. ನವನೀದಂಗೆ ಪ್ರಜ್ಞೆ ಇತ್ತು. ಅವಳ ಗಂಡ ಏಳುಮಲೈ ಮೈಮೇಲೆಲ್ಲ ಸುಣ್ಣದ ಬಣ್ಣದ ಕಲೆ ಇಟ್ಟುಕೊಂಡು ಹಾಗೇ ಕೆಲಸದಿಂದ ಓಡಿಬಂದು ಗೋಡೆಗೆ ಒರಗಿ ನಿಂತಿದ್ದ. ಡಾಕ್ಟರು ಅವನಿಗೆ ಹೇಳಿದ್ದರಂತೆ, ಅವನು ನನಗೆ ಹೇಳಲಿಲ್ಲ. ನಾನು ಗಂಟು ಬಿಚ್ಚಿ ಕಾಲುಂಗುರ ತೆಗೆದು ಅವಳ ಕಾಲ್ಬೆರಳಿಗೆ ತೊಡಿಸಿದೆ. ಬೆರಳು ಊದಿತ್ತು, ಸ್ವಲ್ಪ ಒತ್ತಿಯೇ ತೊಡಿಸಬೇಕಾಯಿತು.

"ಅಕ್ಕಾ, ನನ್ನ ಕಾಲುಂಗುರ ಒಂದು ಬಿದ್ದೋಗಿದೆ ಕಣೇ. ನಾಳೆ ಗುಡಿಸೋವಾಗ ನೋಡು," ಎಂದಳು.

ಅದು ಅವಳ ಬೆರಳಿನಲ್ಲೇ ಇತ್ತು. ನಾನು ಇನ್ನೂ ಅದನ್ನು ಹಿಡಿದುಕೊಂಡೇ ಇದ್ದೆ. ಆಗ ನನಗೆ ಗೊತ್ತಾಯಿತು. ನೋಡುತ್ತೇನೆ ಎಂದೆ.

ನಾಲ್ಕನೆಯ ದಿನ ಮೇನೇಜರ್ ನನ್ನನ್ನು ಆಫೀಸಿಗೆ ಕರೆದ. ಕೂರು ಎಂದ. ಹನ್ನೊಂದು ವರ್ಷದಲ್ಲಿ ಮೊದಲ ಸಲ. ನಾನು ಕೂರಲಿಲ್ಲ. ಒಂದು ಟೈಪು ಮಾಡಿದ ಕಾಗದ ಮುಂದಿಟ್ಟ. ನಾನು ಎಂಟನೇ ಕ್ಲಾಸಿನವರೆಗೆ ಓದಿದವಳು, ಓದಲು ಬರುತ್ತದೆ. ಅವನಿಗೆ ಅದು ಗೊತ್ತಿರಲಿಲ್ಲ, ಹೆಬ್ಬೆಟ್ಟಿನ ಇಂಕು ಡಬ್ಬಿಯನ್ನೂ ತೆಗೆದಿಟ್ಟಿದ್ದ. ಕಾಗದದಲ್ಲಿ ನನ್ನ ಮಾತಿನ ಹಾಗೆ ಬರೆದಿದ್ದರು. ಆಯುಧಪೂಜೆಯ ದಿನ ನನ್ನ ತಂಗಿ ಅಜ್ಞಾನದಿಂದ ಮಿಷಿನ್ನಿನ ಕಣ್ಣಿಗೆ ಗಂಧ ಕುಂಕುಮ ಬಳಿದಳು. ಯಾರೂ ಹೇಳದೆ, ಆಟದ ಆಸೆಯಿಂದ, ತಾನಾಗಿ ಹತ್ತಿ ಕೂತಳು. ಇದು ನನಗೆ ಗೊತ್ತಿದೆ. ಪಾರ್ಕಿನವರ ತಪ್ಪು ಏನೂ ಇಲ್ಲ.

ವೈರನ್ನು ತೆಗೆದು ಬಿಸಾಡಬಹುದು. ಸಂದಿಯಲ್ಲಿ ಕಲ್ಲಾದ ಗಂಧ ಏನು ಮಾಡಿದರೂ ಬಂದಿರಲಿಲ್ಲ. ಅದಕ್ಕೊಂದು ಕೈ ಬೇಕಾಗಿತ್ತು, ನನ್ನ ತಂಗಿಯ ಕೈ ಹುಡುಕಿಕೊಂಡಿದ್ದರು.

ಮೇನೇಜರ್ ಮೆತ್ತಗೆ ಮಾತಾಡಿದ. ಸರಕಾರದ ಅಧಿಕಾರಿ ಮಿಷಿನ್ ನೋಡಲು ಬರುತ್ತಾರೆ, ದೀಪಾವಳಿಗೆ ಕೊಲಂಬಸ್ ಓಡಲೇಬೇಕು. ನಾನು ಅವರ ಮುಂದೆಯೇ ಗುರುತು ಹಾಕಿದರೆ ಒಳ್ಳೆಯದು. ಹಾಕಿದರೆ ನವನೀದಂ ಆ ಆಸ್ಪತ್ರೆಯಲ್ಲೇ ಇರುತ್ತಾಳೆ, ಆಪರೇಷನ್ ಆಗುತ್ತದೆ. ಹಾಕದಿದ್ದರೆ ಅವತ್ತೇ ಅಲ್ಲಿಂದ ಎಬ್ಬಿಸುತ್ತಾರೆ. ಯೋಚನೆ ಮಾಡು ಎಂದ. ಯೋಚನೆ ಮಾಡುತ್ತ ನಿಂತಾಗ ನನ್ನ ಕಣ್ಣು ಅವನ ತಲೆಯ ಮೇಲಿನ ಗೋಡೆಗೆ ಹೋಯಿತು. ಪೂಜೆಯ ಫೋಟೋವನ್ನು ದೊಡ್ಡದಾಗಿ ಕಟ್ಟು ಹಾಕಿಸಿ ನೇತುಹಾಕಿದ್ದರು. ದಿನಾ ಅದರ ಗಾಜು ಒರೆಸುತ್ತಿದ್ದವಳು ನಾನು. ಒರೆಸಿದ್ದೆ, ನೋಡಿರಲಿಲ್ಲ.

ಏಳುಮಲೈ ನನ್ನ ಕಾಲಿಗೆ ಬಿದ್ದ. ಹಾಕಿಬಿಡು ಅತ್ತಿಗೆ, ಕಾಗದ ತಾನೇ, ಯಾರು ಓದುತ್ತಾರೆ, ನಮ್ಮಂಥವರ ಹೆಸರು ಕೆಟ್ಟರೆ ಯಾರಿಗೆ ಏನು ಎಂದ. ಆಪರೇಷನ್ ಆದರೆ ಎದ್ದು ಕೂರಬಹುದು ಎಂದು ಡಾಕ್ಟರು ಹೇಳಿದ್ದನ್ನು ಹತ್ತು ಸಲ ಹೇಳಿದ. ಅವನದು ತಪ್ಪು ಎಂದು ನಾನು ಇವತ್ತಿಗೂ ಹೇಳುವುದಿಲ್ಲ. ಅವನಿಗೆ ಹೆಂಡತಿ ಬೇಕಾಗಿದ್ದಳು. ನನಗೂ ತಂಗಿ ಬೇಕಾಗಿದ್ದಳು. ಹಾಕಿಬಿಡೋಣ ಎಂದೇ ನಾನು ಅವಳ ಮಂಚದ ಹತ್ತಿರ ಹೋದದ್ದು. ಮುಚ್ಚಿಡದೆ ಎಲ್ಲ ಹೇಳಿದೆ.

ಅವಳು ಆಸ್ಪತ್ರೆಯ ವಿಷಯ ಕೇಳಿಸಿಕೊಳ್ಳಲೇ ಇಲ್ಲ. ಒಂದೇ ಮಾತು ಹಿಡಿದುಕೊಂಡಳು.

"ಗಂಧ ನಾನು ಹಚ್ಚಿದೆ ಅಂತ ಬರೆದಿದಾರಾ?"

"ಹೂಂ."

"ನಾನಾ? ಅವತ್ತು ನಂಗೆಷ್ಟು ಆಸೆಯಿತ್ತು ಗೊತ್ತಾ ಅಕ್ಕಾ. ಒಂದೇ ಒಂದು ಬೊಟ್ಟು. ಮುಟ್ಟಕ್ಕೆ ಬಿಟ್ರಾ? ಹಗ್ಗ ಹಾಕಿದ್ರಲ್ಲ. ಮುಟ್ಟಕ್ಕೆ ಬಿಡದೇ ಇದ್ದದ್ದನ್ನ ನಾನೇ ಮುಟ್ಟಿ ಕೆಡಿಸಿದೆ ಅಂತ ಈಗ ಹೇಳ್ತಾರಾ?" ಮುಖ ಆಚೆ ತಿರುಗಿಸಿದಳು. "ನೀನು ಸೈನ್ ಹಾಕಿದ್ರೆ ಇಲ್ಲಿಗೆ ಬರಬೇಡ."

ಅಧಿಕಾರಿ ಬಂದ ದಿನ ಅವನಿಗೆ ಎಳನೀರು ಕೊಟ್ಟರು, ಆಮೇಲೆ ವಂಜರ ಮೀನಿನ ಊಟ. ಊಟದ ಎಲೆ ತೆಗೆದವಳು ನಾನು. ಅವನು ಕೈ ಒರೆಸಿಕೊಂಡು ಕನ್ನಡಕ ಹಾಕಿ ಕಾಗದವನ್ನು ಜೋರಾಗಿ ಓದಿದ. ಮೇನೇಜರ್ ಇಂಕು ಡಬ್ಬಿಯ ಮುಚ್ಚಳ ತೆಗೆದ. ಮೂಲೆಯಲ್ಲಿ ಧನಶೇಖರ್ ನೆಲ ನೋಡುತ್ತ ನಿಂತಿದ್ದ.

"ಇದರಲ್ಲಿ ಬರ್ದಿರೋದು ನಿಜ ತಾನೇನಮ್ಮಾ?" ಅಧಿಕಾರಿ ಕೇಳಿದ.

ಮೇನೇಜರ್ ಅವತ್ತು ನನಗೆ ಕೂರು ಎಂದಿದ್ದನಲ್ಲ, ಆ ಕುರ್ಚಿಯನ್ನು ಎಳೆದು ಅದರ ಮೇಲೆ ಹತ್ತಿ ನಿಂತೆ. ಫೋಟೋವನ್ನು ಮೊಳೆಯಿಂದ ತೆಗೆದೆ. ಮೇನೇಜರ್ ಏಯ್ ಎಂದ. ಅಷ್ಟರಲ್ಲಿ ಇಳಿದು ಅಧಿಕಾರಿಯ ಮುಂದೆ, ಆ ಕಾಗದದ ಮೇಲೇ, ಇಟ್ಟೆ. ಅಭ್ಯಾಸಬಲ, ಗಾಜನ್ನು ಸೆರಗಿನಿಂದ ಒಂದು ಸಲ ಒರೆಸಿದೆ.

"ಇದು ದೊಡ್ಡಮ್ಮನ ಬೆರಳು ಸಾರ್. ಇದು ಮೂರನೇ ಸಾಲಿನ ಕಣ್ಣು. ಇದು ಹಗ್ಗ. ನಾವು ಮುಟ್ಟಬಾರದು ಅಂತ ಕಟ್ಟಿದ್ದು. ಹಗ್ಗದಾಚೆ ಇವಳು ನಾನು, ನನ್ನ ಪಕ್ಕ ಇವಳು ನನ್ನ ತಂಗಿ. ಅವಳ ಕೈ ಅಷ್ಟು ಉದ್ದ ಇಲ್ಲ ಸಾರ್."

ಅಧಿಕಾರಿ ಫೋಟೋವನ್ನು ಬಹಳ ಹೊತ್ತು ನೋಡಿದ. ಕನ್ನಡಕ ತೆಗೆದು ಮತ್ತೆ ಹಾಕಿಕೊಂಡು ನೋಡಿದ. ಆಮೇಲೆ ಅದನ್ನು ಮಗುಚಿ ಮೇಜಿನ ಮೇಲೆ ಬೋರಲು ಹಾಕಿದ. ಮಿಷಿನ್ ನೋಡೋಣ ಬನ್ನಿ, ತೂಕ ಹಾಕಿ ಒಂದು ಸಲ ಓಡಿಸಿ ತೋರಿಸಿ ಎಂದು ಎದ್ದ. ಮೇನೇಜರ್‌ಗೆ ಹೋದ ಜೀವ ಬಂತು. ಹೊರಗೆ ಹೋಗುತ್ತ ನನ್ನ ಹತ್ತಿರ ನಿಂತು, ಹಲ್ಲು ಕಚ್ಚಿ, ಸಂಜೆಯೊಳಗೆ ನಿನ್ನ ತಂಗಿ ಬೀದಿಯಲ್ಲಿರುತ್ತಾಳೆ ಎಂದ.

ಕೊಲಂಬಸ್ಸಿನ ಹತ್ತಿರ ಹೆಂಗಸರನ್ನೆಲ್ಲ ಕರೆಸಿದ. ಹಾಜರಿ ಪುಸ್ತಕ ತೆಗೆದು ಕೂಗತೊಡಗಿದ. ಎಂಬತ್ತೊಂದು, ಹಿಂದಿನ ಸಾಲು. ಎಪ್ಪತ್ತಮೂರು, ಅದರ ಪಕ್ಕ. ನಲವತ್ತಾರರ ಮೇಲೆ ಗೀಟು ಎಳೆದು ಆ ಜಾಗಕ್ಕೆ ಐವತ್ತು ಎಂದು ಬರೆದಿದ್ದ. ಐವತ್ತು ಎಂದರೆ ಹೊಸದಾಗಿ ಸೇರಿದ್ದ ದೇಸಮ್ಮ. ಅವಳು ಮೂರನೇ ಸಾಲಿನ ಕಡೆ ಎರಡು ಹೆಜ್ಜೆ ಇಟ್ಟಳು.

ಪೊರಕೆ, ಬಕೆಟ್ಟು, ಪೂಜೆಯ ಸಾಮಾನು ಇಡುವ ಕೋಣೆಯ ಬೀಗದ ಕೈ ನನ್ನ ಸೊಂಟದಲ್ಲಿರುತ್ತಿತ್ತು. ಹೋಗಿ ಆ ಹಳದಿ ಹಗ್ಗ ತಂದೆ. ಒಂದು ತುದಿಯನ್ನು ಬೇಲಿಗೆ ಕಟ್ಟಿದೆ. ನನ್ನ ತಂಗಿಯ ಬೆನ್ನು ಮುರಿದ ಅದೇ ಕಂಬಿಗೆ. ಇನ್ನೊಂದು ತುದಿಯನ್ನು ದೀಪದ ಕಂಬಕ್ಕೆ. ಗಂಟು ಎರಡು ಸಲ ಬಿಚ್ಚಿಕೊಂಡಿತು. ಕಟ್ಟಿ ಮುಗಿಸಿ ಹಗ್ಗದ ಆಚೆ ಹೋಗಿ ನಿಂತೆ.

"ಏಯ್ ಅರವತ್ತೆಂಟು, ಏನೇ ಇದು ನಾಟಕ?"

"ಪೂಂಗಾವನಂ," ಎಂದೆ. "ಮುಟ್ಟಬಾರದು ಅಂತ ಇಲ್ಲಿ ನಿಲ್ಲಿಸಿದ್ರಲ್ಲ ಸಾರ್. ಇಲ್ಲೇ ನಿಂತಿರ್ತೀವಿ. ಇನ್ಮೇಲೆ ಮುಟ್ಟಲ್ಲ."

ನಿಂತಿರ್ತೀವಿ ಎಂದು ಬಾಯಿಗೆ ಬಂತು. ನಿಂತಿದ್ದವಳು ಮಾತ್ರ ನಾನೊಬ್ಬಳೇ. ಆಗ ಎಂಬತ್ತೊಂದು ಕೆಜಿಯ ಕುಪ್ಪಕ್ಕ ಕೊಲಂಬಸ್ಸಿನ ಮೆಟ್ಟಿಲಿಳಿದಳು. ಮಂಡಿ ನೋವಿನವಳು, ಒಂದೊಂದೇ ಮೆಟ್ಟಿಲು ಇಳಿದು, ಬಗ್ಗಿ ಹಗ್ಗದಡಿ ನುಸುಳಿ ಬಂದು ನನ್ನ ಪಕ್ಕ ನಿಂತಳು. ಏದುಸಿರು ಬಿಡುತ್ತಿದ್ದಳು. ಅವಳ ಹಿಂದೆ ದೇಸಮ್ಮ ಓಡಿಬಂದಳು. ಆಮೇಲೆ ಉಳಿದವರು. ಫೋಟೋದಲ್ಲಿ ನಿಂತ ಹಾಗೇ ಸಾಲಾಗಿ ನಿಂತೆವು. ನನ್ನ ಇನ್ನೊಂದು ಪಕ್ಕದ ಜಾಗ ಮಾತ್ರ ಖಾಲಿ ಬಿಟ್ಟರು.

ಅಧಿಕಾರಿ ಕೈಗಡಿಯಾರ ನೋಡಿದ. ತೂಕ ಎಲ್ಲಿ ಎಂದು ಕೇಳಿದ. ಮರಳಿನ ಮೂಟೆ ಒಂದೂ ಇರಲಿಲ್ಲ. ಮೇನೇಜರ್ ಮಿಷಿನ್ ಗಟ್ಟಿಯಾಗಿದೆ, ಎಲ್ಲ ಸರಿಪಡಿಸಿದ್ದೇವೆ, ಕಣ್ಮುಚ್ಚಿಕೊಂಡು ಯಾರು ಬೇಕಾದರೂ ಕೂರಬಹುದು ಎಂದ.

"ಹಾಗಾದ್ರೆ ನೀವು ಕೂತ್ಕೊಳ್ಳಿ ಸಾರ್," ಎಂದೆ. "ಮೂರನೇ ಸಾಲು, ಅಂಚಿನ ಸೀಟು. ಮೇಲೆ ಹೋದ್ರೆ ಸಮುದ್ರ ಕಾಣುತ್ತೆ. ಬಿದ್ರೆ ಹೆದರ್ಬೇಡಿ. ತೊಳೆಯೋಕೆ ನಾನಿದೀನಿ."

ಅಧಿಕಾರಿಗೆ ಕೆಲಸ ಮುಗಿಸಿ ಹೋಗಬೇಕಾಗಿತ್ತು. ನೀವೇ ಒಂದು ನಿಮಿಷ ಕೂತುಬಿಡಿ ಸೌಂದರ್, ನೋಡಿ ಬರೆದುಕೊಂಡು ಹೊರಡುತ್ತೇನೆ ಎಂದ. ಮೇನೇಜರ್ ಮೆಟ್ಟಿಲು ಹತ್ತಿದ. ಮೂರನೇ ಸಾಲಿನ ಮುಂದೆ ನಿಂತ. ಕಂಬಿಯ ಮೇಲೆ ಕೈಯಿಟ್ಟ. ಎಳೆದ, ಬಿಟ್ಟ, ಮತ್ತೆ ಎಳೆದ. ನಾವು ಇಪ್ಪತ್ತೆರಡು ಜನ ನೋಡುತ್ತಿದ್ದೆವು. ಅವನ ಅಂಗಿಯ ಬೆನ್ನು ಒದ್ದೆಯಾಯಿತು. ಧನಶೇಖರ್ ಗುಂಡಿಯ ಮುಂದೆ ನಿಂತು ಅವನನ್ನೇ ನೋಡುತ್ತಿದ್ದ. ಓಡಿಸಲಾ ಸಾರ್ ಎಂದು ಕೇಳಿದ. ಅವನು ಹಾಗೆ ಕೇಳುತ್ತಾನೆಂದು ನಾನು ಅಂದುಕೊಂಡಿರಲಿಲ್ಲ. ಮೇನೇಜರ್ ಕೂರಲೂ ಇಲ್ಲ, ಇಳಿಯಲೂ ಇಲ್ಲ. ಕೊನೆಗೆ ಜೇಬಿನಿಂದ ಫೋನು ತೆಗೆದು, ಮೊದಲಾಳಿ ಕರೆಯುತ್ತಿದ್ದಾರೆ ಎಂದು ಹೇಳಿ ಇಳಿದು ಹೋದ. ಫೋನು ಸದ್ದೇ ಮಾಡಿರಲಿಲ್ಲ.

ಇಷ್ಟಕ್ಕೆ ನ್ಯಾಯ ಸಿಕ್ಕಿತು ಎಂದುಕೊಳ್ಳಬೇಡಿ. ಅಧಿಕಾರಿ ಪುಸ್ತಕದಲ್ಲಿ ಇನ್ನೊಮ್ಮೆ ನೋಡಬೇಕು ಎಂದು ಬರೆದುಕೊಂಡು ಹೋದ. ದೀಪಾವಳಿಗೆ ಕೊಲಂಬಸ್ ಓಡಲಿಲ್ಲ, ಪೊಂಗಲ್ ಹಬ್ಬಕ್ಕೆ ಓಡಿತು. ಫೋಟೋ ಆ ಗೋಡೆಯಲ್ಲಿ ಈಗ ಇಲ್ಲ. ನಮ್ಮನ್ನೆಲ್ಲ ತೆಗೆದರು. ಮೂರು ಹಳ್ಳಿ ಆಚೆಯಿಂದ ವ್ಯಾನಿನಲ್ಲಿ ಬೇರೆ ಹೆಂಗಸರನ್ನು ತರುತ್ತಾರೆ. ಅವರನ್ನೂ ತಕ್ಕಡಿಯ ಮೇಲೆ ನಿಲ್ಲಿಸುತ್ತಾರೆ ಎಂದು ಕೇಳಿದ್ದೇನೆ. ಕುಪ್ಪಕ್ಕ ದಿನಾ ಅವರ ವ್ಯಾನಿಗೆ ಅಡ್ಡ ನಿಂತು ವೈರಿನ ಕಥೆ ಹೇಳುತ್ತಾಳೆ. ಅವರಲ್ಲಿ ಇಬ್ಬರು ಕೂರುವುದಿಲ್ಲ ಎಂದರಂತೆ.

ಮೇನೇಜರ್ ಆ ಒಂದು ವಿಷಯದಲ್ಲಿ ಮಾತು ಉಳಿಸಿಕೊಂಡ. ಅದೇ ಸಂಜೆ ನವನೀದಂಳನ್ನು ದೊಡ್ಡ ಆಸ್ಪತ್ರೆಯಿಂದ ಎಬ್ಬಿಸಿದರು. ಸರಕಾರಿ ಆಸ್ಪತ್ರೆಯಲ್ಲಿ ಮಂಚವಿರಲಿಲ್ಲ. ಹೆಂಗಸರ ವಾರ್ಡಿನ ಜಗಲಿಯಲ್ಲಿ ಚಾಪೆ ಹಾಕಿ ಮಲಗಿಸಿದೆವು. ಆಪರೇಷನ್ನಿಗೆ ಯಾವಾಗ ಕರೆಯುತ್ತಾರೋ ಗೊತ್ತಿಲ್ಲ ಎಂದರು. ಏಳುಮಲೈ ನನ್ನ ಜೊತೆ ಮಾತು ಬಿಟ್ಟ. ಅವನು ಹೊರಗೆ ಮೆಟ್ಟಿಲ ಮೇಲೆ ಹೋಗಿ ಕೂತ ಮೇಲೆ ನಾನು ಅವಳ ಮೈ ಒರೆಸಿದೆ, ಸೀರೆ ಸರಿಮಾಡಿದೆ. ಕಾಲು ಅಡ್ಡಾದಿಡ್ಡಿಯಾಗಿತ್ತು, ಎರಡನ್ನೂ ಎತ್ತಿ ಜೋಡಿಸಿ ನೆಟ್ಟಗೆ ಇಟ್ಟೆ. ಆಮೇಲೆ ನಡೆದದ್ದನ್ನೆಲ್ಲ ಹೇಳಿದೆ.

"ಕೂತ್ನಾ?" ಎಂದು ಕೇಳಿದಳು.

"ಇಲ್ಲ ಕಣೇ. ಕಂಬಿ ಹಿಡ್ಕೊಂಡು ನಿಂತಿದ್ದ. ಬೆವರು ಇಳೀತಿತ್ತು. ಆಮೇಲೆ ಸದ್ದೇ ಮಾಡದ ಫೋನ್ನ ಕಿವಿಗಿಟ್ಕೊಂಡು ಓಡಿಹೋದ."

ನವನೀದಂ ನಕ್ಕಳು. ಬಿದ್ದ ದಿನದಿಂದ ಮೊದಲ ಸಲ. ಹೊಟ್ಟೆ ಹಿಡಿದುಕೊಂಡು, ಕಣ್ಣಲ್ಲಿ ನೀರು ಬರುವಷ್ಟು, ಪಕ್ಕದ ಚಾಪೆಯವರು ತಿರುಗಿ ನೋಡುವಷ್ಟು ನಕ್ಕಳು. ನಾನು ಹಳೆಯ ಅಭ್ಯಾಸದಿಂದ, ಒದೆ ತಪ್ಪಿಸಿಕೊಳ್ಳಲು, ಹಿಂದೆ ಸರಿದೆ.

ಕಾಲುಗಳು ನಾನು ಜೋಡಿಸಿಟ್ಟ ಹಾಗೇ ಇದ್ದವು.